ಬಲಗಣ್ಣಿನ ಬೆಲ್ಲ

ಎರಡು ವರ್ಷದಿಂದ ಮಂಡ್ಯದ ಮಂಡಿಯಲ್ಲಿ ಸಿದ್ದಶೆಟ್ಟರು
ನನ್ನ ಅಚ್ಚು ಮುರಿದು, ಮೂಸಿ, ಪಕ್ಕಕ್ಕಿಟ್ಟು
"ಕಪ್ಪು, ಮಾಯಿಗಯ್ಯ" ಅನ್ನುತ್ತಿದ್ದರು,
ಕ್ವಿಂಟಾಲಿಗೆ ಇನ್ನೂರು ಕಡಿದು ಬರೆಯುತ್ತಿದ್ದರು.
ಕಪ್ಪಂತೆ! ನನ್ನ ಕಣ್ಣಿಗೆ ಹೊನ್ನು.
ಕಬ್ಬನ್ನು ಬೈದೆ, ನಾಲೆಯ ನೀರನ್ನು ಬೈದೆ,
ಬೆಂಡೆಯ ಲೋಳೆ ಸಾಲದೆಂದು ಹುಡುಗನನ್ನು ಬೈದೆ,
ವಾಪಸು ಬರುವ ಬಸ್ಸಿನಲ್ಲಿ ಶೆಟ್ಟರನ್ನು
ಪಾಂಡವಪುರದ ತನಕ, ಮೆಲ್ಲಗೆ.

ಕೊನೆಗೆ ಕೊಪ್ಪರಿಗೆಯ ಅಂಚು ತಪ್ಪಿ ಕೈ ಸುಟ್ಟಾಗ
ಚೆಲುವಮ್ಮ ಟಾರ್ಚು ಹಿಡಿದು ನೋಡಿದಳು, ಕೈಯನ್ನಲ್ಲ.
"ಕರೀಗುಡ್ಡೆ ಮ್ಯಾಲೆ ಗಂಜಿ ಕೆನೆ ಕಟ್ಟದೆ.
ನಡೀರಿ ಮೈಸೂರ್ಗೆ."

ಮೊದಲ ಸಲ ಹಿಂದಕ್ಕೆ ಕಳಿಸಿದರು: ಸಕ್ಕರೆ ಇನ್ನೂರ ಎಂಬತ್ತು.
"ಏನು ಕೆಲಸ?" ಎಂದಳು ನರ್ಸು.
"ಬೆಲ್ಲ ಕಾಯಿಸ್ತೀನಿ."
ಅವಳು ನಕ್ಕಳು, ಪಕ್ಕದ ಬೆಂಚೂ ನಕ್ಕಿತು.
ನಲವತ್ತು ವರ್ಷ ನಾಲಿಗೆಗಿಟ್ಟದ್ದು ಬೆರಳ ತುದಿಯಷ್ಟೇ,
ಅದೂ ಲೆಕ್ಕಕ್ಕೆ ಬಂತು.

ಮೂರು ವಾರ ಅರ್ಧ ಮುದ್ದೆ, ಎರಡು ಮಾತ್ರೆ.
ಮತ್ತೆ ಹೋದಾಗ ರೆಪ್ಪೆಗೂದಲು ಕತ್ತರಿಸಿ
ಬಲಹುಬ್ಬಿನ ಮೇಲೆ ಶಾಯಿಯ ಚುಕ್ಕೆ ಇಟ್ಟರು,
ಯಾವ ಕಣ್ಣೆಂದು ಅವರಿಗೆ ಮರೆಯದಿರಲೆಂದು.
ದೃಷ್ಟಿಬೊಟ್ಟಿನ ಹಾಗೆ. ಅರವತ್ತಮೂರರ ಕೂಸು ನಾನು
ಹಸಿರು ಅಂಗಿ ತೊಟ್ಟು ಸಾಲಿನಲ್ಲಿ ಕೂತೆ.
ಮುಂದೆ ಕೆ.ಆರ್. ನಗರದ ಮೇಷ್ಟರು, ಅವರ ಚುಕ್ಕೆ ಎಡಕ್ಕೆ.
"ಇಬ್ಬರನ್ನೂ ಕೂಡಿಸಿದರೆ ಒಬ್ಬ ಪೂರ್ತಿ ಕುರುಡ" ಎಂದರು.
ನಗಬೇಡಿ, ಬಿಪಿ ಏರುತ್ತೆ, ಎಂದಳು ಅದೇ ನರ್ಸು.

ಒಳಗೆ ಚಳಿ. ಮುಖಕ್ಕೆ ಬಟ್ಟೆ, ಬಟ್ಟೆಯಲ್ಲೊಂದು ತೂತು,
ತೂತಿನಾಚೆ ಮೂರು ದೀಪ.
"ಬೆಳಕನ್ನೇ ನೋಡಿ, ಅಲ್ಲಾಡಬೇಡಿ."
ಬೆಳಕು ಕರಗಿತು, ನೊರೆಯಾಯಿತು, ನೀರಾಗಿ ಹರಿಯಿತು.
ನಾನು ಕೇಳುತ್ತಿದ್ದೆ:
ಯಂತ್ರದ ಗುಂಯ್ ಎಲ್ಲೋ ಒಂದು ಕಡೆ ಸಣ್ಣಗಾಯಿತು,
ಗುಳುಗುಳು ನಿಂತು ಪಾಕ ತಪತಪ ಅನ್ನುವ ಹೊತ್ತಿನ ಹಾಗೆ.
ಈಗ ಇಳಿಸಬೇಕು, ಎಂದುಕೊಂಡೆ.
"ಆಯ್ತು" ಎಂದರು ಡಾಕ್ಟರು.

ಹನಿ ದಿನಕ್ಕೆ ಆರು ಸಲ, ಆಮೇಲೆ ನಾಲ್ಕು.
ತಲೆಗೆ ನೀರಿಲ್ಲ, ಬಗ್ಗುವಂತಿಲ್ಲ,
ಒಲೆಯ ಹೊಗೆಗೆ ಒಂದು ತಿಂಗಳು ಮುಖ ಕೊಡುವಂತಿಲ್ಲ.
ಕರಿ ಕನ್ನಡಕ ಹಾಕಿ ಆಲೆಮನೆಯಾಚೆ ಹುಣಸೆ ಬುಡದಲ್ಲಿ ಕೂತೆ,
ಗಾಳಿ ಹೊಗೆಯನ್ನು ಆ ಕಡೆಗೆ ಒಯ್ಯುವ ದಿನ ಮಾತ್ರ.
ಒಳಗಿಂದ ಪುಟ್ಮಾದನ ಕೂಗು:
"ಅಯ್ಯಾ, ಹೊಂಬಣ್ಣ!"
"ಇನ್ನೂ ಇಲ್ಲ ಕಣ್ಲಾ, ಕಿವಿಗೆ ಬಂದಿಲ್ಲ, ತಡಿ."
ಬಾಯಿಂದ ಬಿದ್ದ ಮೇಲೆ ನನಗೇ ತಿಳಿಯಿತು:
ಎರಡು ವರ್ಷ ನಾನು ಪಾಕ ನೋಡಿಯೇ ಇಲ್ಲ,
ಕೇಳಿದ್ದೇನೆ.

ಹನ್ನೊಂದನೆಯ ದಿನ ಚೆಲುವಮ್ಮ
ತಟ್ಟೆಯಲ್ಲಿ ಎರಡು ಅಚ್ಚು ತಂದಿಟ್ಟಳು.
ಎಡಗಣ್ಣಿಂದ ನೋಡಿದೆ: ಎರಡೂ ಹೊನ್ನು.
ಎಡವನ್ನು ಮುಚ್ಚಿ ಬಲದಿಂದ ನೋಡಿದೆ:
ತಟ್ಟೆ ಬಿಳಿ, ನೀಲಿ ಹಾಕಿ ಒಗೆದ ಪಂಚೆಯ ಬಿಳಿ;
ಒಂದು ಅಚ್ಚು ಕೊಯ್ಲಿಗೆ ಬಂದ ಭತ್ತ,
ಇನ್ನೊಂದು ಒಲೆಬಾಯಿಯ ಇಟ್ಟಿಗೆ.
ಮುಚ್ಚಿ ತೆರೆದೆ. ತೆರೆದು ಮುಚ್ಚಿದೆ.
"ಯಾರಿಗೆ ಕಣ್ಣು ಹೊಡೀತಿದ್ದೀರಿ?" ಎಂದಳು ಚೆಲುವಮ್ಮ.
ಇಟ್ಟಿಗೆ, ನಾನು ತಡಿ ಅಂದ ಅಡುಗೆ.
ಭತ್ತ, ಹುಡುಗ ನನ್ನ ಕೇಳದೆ ಇಳಿಸಿದ್ದು.

ಎಡಗಣ್ಣಿಗೆ ತಾರೀಕು ಯುಗಾದಿ ಕಳೆದ ಸೋಮವಾರ.
ಅಲ್ಲಿಯವರೆಗೆ ಕೊಪ್ಪರಿಗೆ ಪುಟ್ಮಾದನದು.
ನಾನು ಬಸ್ಸು ಹತ್ತಿ ಮಂಡಿಗೆ ಹೋದೆ,
ಶೆಟ್ಟರ ಮುಂದೆ ಇಟ್ಟಿಗೆಯನ್ನೇ ಇಟ್ಟು
"ಕಪ್ಪು" ಎಂದೆ, ಅವರಿಗಿಂತ ಮೊದಲು.
ಅವರು ಮುರಿಯಲಿಲ್ಲ, ಮೂಸಲಿಲ್ಲ.
ನನ್ನ ಕರಿ ಕನ್ನಡಕ ಎತ್ತಿ ನೋಡಿದರು.
"ಮಧ್ಯಾಹ್ನದ ಹನಿ ಬಿಟ್ಕೊಂಡ್ಯಾ?"
ಮರೆತಿದ್ದೆ. ಸೀಸೆ ಜೇಬಿನಲ್ಲೇ ಇತ್ತು.
ಮೂಟೆಗೆ ತಲೆ ಒರಗಿಸಿ ಕೂತೆ.
ಶೆಟ್ಟರು ಕೈ ತೊಳೆದು ಬಂದು ರೆಪ್ಪೆ ಎಳೆದರು,
ಕೈ ನಡುಗುತ್ತಿತ್ತು:
ಒಂದು ಹನಿ ಕೆನ್ನೆಗೆ,
ಒಂದು ಕಣ್ಣಿಗೆ.