ಹುಲ್ಲು ನೋಡಿಕೊಳ್ಳುವವನ ಮಾತು

ಈ ಹಸಿರನ್ನು ಮೂವತ್ತೊಂದು ಬೇಸಿಗೆ
ಕತ್ತರಿಸಿದವನು ನಾನು.
ಇಲ್ಲಿ ಹಿಮ್ಮಡಿಯ ಬೂಟು ಕೂಡದು,
ಚಪ್ಪಟೆ ಅಟ್ಟೆಯ ಜೋಡು ಮಾತ್ರ.
ವಾಟಿ ಪರ್ಡಿಗೆ ಅದನ್ನು ಹೇಳಬೇಕಾದ ದಿನ
ನನ್ನ ಬಾಯಿ ಒಣಗಿತ್ತು.

ಯಾಕೆಂದರೆ ಅಪ್ಪನ ಹೆಗಲೇರಿ ನೋಡಿದ್ದೆ
ಇದೇ ಕಾಲುಗಳನ್ನು:
ಫೈಫ್‌ನ ಕಲ್ಲಿದ್ದಲ ಊರು, ಶನಿವಾರ,
ಕಿವಿಯ ಹಿಂದೆ ಗಣಿಮಸಿ ಉಳಿದ ಗಂಡಸರು,
ಮಳೆ ಕುಡಿದು ಕಲ್ಲಾದ ತೊಗಲ ಚೆಂಡು.
ಎಡಬದಿಯ ಕಾವಲಿಗೆ ವಾಟಿ.
ಅವನು ಜಾರಿ ಬಂದರೆ ಹುಲ್ಲು ಸುಲಿದು
ಕೆಳಗಿನ ಕಪ್ಪು ಮಣ್ಣು ಕಾಣುತ್ತಿತ್ತು.
‘ಚೆಂಡು ದಾಟಲಿ, ಆಳು ದಾಟಬಾರದು’
ಅನ್ನುತ್ತಿದ್ದ ಅಪ್ಪ, ಹೆಮ್ಮೆಯಿಂದ.

ಒಂದು ಫೆಬ್ರವರಿ, ದಾಟಲಿಲ್ಲ
ಟ್ಯಾಮ್ ಲಾರಿಮರ್. ಹತ್ತೊಂಬತ್ತು ವರ್ಷ.
ಒಣ ಪುರಲೆ ಮುರಿದಂಥ ಸದ್ದು
ಮೈದಾನದ ಆಚೆ ದಂಡೆಗೂ ಕೇಳಿಸಿತು.
ಅಪ್ಪ ಅವತ್ತು ಏನೂ ಅನ್ನಲಿಲ್ಲ.
ಲಾರಿಮರ್ ಮತ್ತೆ ಆಡಲಿಲ್ಲ. ವಾಟಿ ಆಡಿದ,
ಇನ್ನೂ ಒಂಬತ್ತು ವರ್ಷ,
ಮಂಡಿ ಕೈಕೊಡುವ ತನಕ.

ನಲವತ್ತಕ್ಕೆ ಇಲ್ಲಿಗೆ ಬಂದ. ಮುದುಕರ ಆಟ ಎಂದ.
ಮೊದಲ ವಾರ ಒದೆಯುವವನ ಹಾಗೇ ಉರುಳಿಸಿದ,
ಗುಂಡೆಲ್ಲ ಅಂಚಿನ ಕಾಲುವೆಗೆ.
ಈ ಗುಂಡಿಗೆ ಒಂದು ಮಗ್ಗುಲಲ್ಲಿ ಹುಟ್ಟುವಾಲು,
ನೇರ ಹೋಗೆಂದರೆ ಕೇಳದು.
ಓಡುವಾಗ ಅಡಗಿರುತ್ತದೆ;
ಓಟ ತಗ್ಗಿ, ಇನ್ನೇನು ನಿಲ್ಲಬೇಕು ಎನ್ನುವಾಗಲೇ
ಪೂರ್ತಿ ಬಾಗುತ್ತದೆ.
ಸಂಜೆ ಎಲ್ಲರೂ ಹೋದ ಮೇಲೆ ಒಬ್ಬನೇ
ಉರುಳಿಸಿ, ಕುಂಟಿ, ಹೆಕ್ಕಿ, ಉರುಳಿಸಿ...
ನಾನು ಬೀಗದ ಕೈ ಹಿಡಿದು ನಿಂತಿರುತ್ತಿದ್ದೆ, ಬೈಯುತ್ತ.

ಕ್ಲಬ್ಬಿನ ಹಲಗೆಯ ಮೇಲೆ ಅವನ ಹೆಸರು ಏಳು ಸಲ,
ಚಿನ್ನದ ಬಣ್ಣದಲ್ಲಿ. ಒಮ್ಮೆ ನೀಲಿ ಕೋಟು ತೊಟ್ಟು
ದೇಶಕ್ಕೂ ಆಡಿಬಂದ. ಅದೆಲ್ಲ ಪತ್ರಿಕೆಯಲ್ಲಿದೆ.

ಇಲ್ಲದ್ದು ಇದು: ಜಿಲ್ಲೆಯ ಫೈನಲ್, ಕೊನೆಯ ಸುತ್ತು,
ಎದುರಿಗೆ ಕೋಲೂರಿ ಬಂದ ಲಾರಿಮರ್.
ವಾಟಿಯ ಕೈಯಲ್ಲಿ ಒಂದೇ ಗುಂಡು.
ರಭಸದಿಂದ ಬಿಟ್ಟಿದ್ದರೆ
ಲಾರಿಮರ್‌ನದು ಸಿಡಿದು ಕಾಲುವೆ ಸೇರುತ್ತಿತ್ತು,
ಹಳೆಯ ವಾಟಿಗೆ ಅದು ನೀರು ಕುಡಿದಷ್ಟು ಸಲೀಸು.
ಬಗ್ಗಿದವನು ತುಂಬ ಹೊತ್ತು ಬಗ್ಗಿಯೇ ಇದ್ದ.
ಆಮೇಲೆ ತೊಟ್ಟಿಲು ತಳ್ಳುವವನ ಹಾಗೆ
ಬಿಟ್ಟ.
ಅದು ಬಳಸಿ ಬಂತು, ಏನನ್ನೂ ತಾಕದೆ
ಬಿಳಿ ಮರಿಗುಂಡಿನ ಇನ್ನೊಂದು ಪಕ್ಕ ನಿಂತಿತು.

ಕಣ್ಣಳತೆಗೆ ಎರಡೂ ಸಮ.
ಟೇಪು ಹಿಡಿದು ಇಬ್ಬರೂ ಮಂಡಿಯೂರಿದರು,
ಇಬ್ಬರಿಗೂ ಏಳಲಾಗಲಿಲ್ಲ.
ನಾನು ಓಡಬಹುದಿತ್ತು. ಓಡಲಿಲ್ಲ.
ಒಬ್ಬರಿಗೊಬ್ಬರು ಕೈ ಕೊಟ್ಟುಕೊಂಡು ಎದ್ದರು.
‘ಕಾಲು ಹೇಗಿದೆ?’ ಎಂದ ವಾಟಿ.
‘ಮಳೆ ಬರೋದನ್ನ ಮೊದಲೇ ಹೇಳುತ್ತೆ’ ಎಂದ ಲಾರಿಮರ್.

ಗೆದ್ದದ್ದು ಯಾರೆಂದು ಬೇಕಾದರೆ ಹಲಗೆ ನೋಡಿ.
ಮರುದಿನ ಹುಲ್ಲಿನಲ್ಲಿ
ನಾಲ್ಕು ಮಂಡಿಗಳ ಗುಳಿ ಹಾಗೇ ಇತ್ತು.
ಯಂತ್ರವನ್ನು ಅಲ್ಲಿ
ಸ್ವಲ್ಪ ಬಳಸಿ ಒಯ್ದೆ.