ಬೆಂಕಿ ರಿಜಿಸ್ಟರು

ಮಳೆಗೆ ಮುಂಚೆ ರೇಂಜ್ ಆಫೀಸಿನ ಜೀಪು
ಶಿರಸಿಯ ಹಳೇ ಬಸ್‌ಸ್ಟ್ಯಾಂಡಿನ ಹಿಂದೆ, ನನ್ನ ಅಂಗಡಿಗೆ,
ಹನ್ನೊಂದು ಪುಸ್ತಕ ಇಳಿಸಿ ಹೋಯಿತು.
‘ಬೈಂಡು ಹಾಕು ಅಲ್ತಾಫ, ಕಾರವಾರಕ್ಕೆ ಹೋಗಬೇಕು.
ಎಲ್ಲಾ ಒಂದೇ ಅಳತೆ ಇರಲಿ, ಅಂಚು ನೀಟಾಗಿ ಕತ್ತರಿಸು.’

ಗೆದ್ದಲು ತಿಂದ ರಟ್ಟು. ಒಳಗೆ ಕಾಲಂಗಳು:
ತಾರೀಕು, ಸರ್ವೆ ನಂಬರು, ಸುಟ್ಟ ಹೆಕ್ಟೇರು,
ಕಾರಣ, ನಷ್ಟ, ಷರಾ.
ಮೂವತ್ತು ಬೇಸಿಗೆ, ನೀಲಿ ಶಾಯಿಯಲ್ಲಿ.

ನಾನು ಓದುವವನಲ್ಲ. ಪುಸ್ತಕದ ಬೆನ್ನು ಗೊತ್ತು ನನಗೆ,
ಹೊಟ್ಟೆ ಗೊತ್ತಿಲ್ಲ.
ಆದರೆ ಹೊಲಿಯಬೇಕಾದರೆ ಹಾಳೆ ಎಣಿಸಬೇಕು,
ಎಣಿಸುವಾಗ ಕಣ್ಣು ಸುಮ್ಮನಿರುವುದಿಲ್ಲ.

ಕಾರಣ: ಬೀಡಿ.
ಕಾರಣ: ಹೊಸ ಹುಲ್ಲಿಗಾಗಿ ದನಗಾಹಿಗಳು.
ಕಾರಣ: ಜೇನು ಕೀಳುವವರ ಸೂಡಿ.
ಅದೇ. ಅದೇ. ಅದೇ.
ನಲವತ್ತು ಹೆಕ್ಟೇರು, ನಷ್ಟ ಇಲ್ಲ.
ದರಕಿಗೆ ಹತ್ತಿ ಉರಿ ಏರು ಹತ್ತಿದ್ದು,
ಬಿದಿರಿನ ಗಂಟು ಒಂದೊಂದೇ ಸಿಡಿದದ್ದು,
ಮೊಟ್ಟೆ ಬಿಟ್ಟು ಏಳದ ಕಾಡುಕೋಳಿ,
ಹೊಗೆಗೆ ಕೆಮ್ಮಿ ಕೆಮ್ಮಿ ಮಂಚಿಕೇರಿ ಕಡೆಯ ಶಾಲೆಯೊಂದು
ಮಧ್ಯಾಹ್ನವೇ ಗಂಟೆ ಹೊಡೆದದ್ದು
ಇವನ್ನೆಲ್ಲ ಬರೆಯಲು ಗೆರೆ ಎಳೆದವನು ಜಾಗ ಬಿಟ್ಟಿಲ್ಲ.

ನಾನು ದಾರಕ್ಕೆ ಜೇನುಮೇಣ ಸವರುತ್ತೇನೆ.
ಅಬ್ಬಾನ ಕಾಲದಿಂದಲೂ ಮೇಣ ಆ ಕಾಡಿನಿಂದಲೇ.
ಯಾರ ಸೂಡಿ ಅಂತ ಕೇಳಿದವರಲ್ಲ ನಾವು.

ಬಲತುದಿಯಲ್ಲಿ ಕಾವಲುಗಾರನ ಸಹಿ. ಸಹಿಯಲ್ಲ, ಹೆಬ್ಬೆಟ್ಟು.
ಬಸ್ತ್ಯಾಂವ ಸಿದ್ದಿ, ದಿನಗೂಲಿ.
ಪ್ಯಾಡಿನ ಶಾಯಿ ಒಣಗಿದ ದಿನ ಇದ್ದಿಲಿನ ಮಸಿಯಲ್ಲೇ ಒತ್ತಿದ್ದಾನೆ,
ಸವರಿದರೆ ಈಗಲೂ ಬೆರಳಿಗೆ ಕಪ್ಪು.
ಏಳು ಬೇಸಿಗೆ ಹೀಗೆ.

ಎಂಬತ್ತಾರು, ಮಾರ್ಚ್ ಹತ್ತೊಂಬತ್ತು:
ಅರವತ್ತೆರಡು ಹೆಕ್ಟೇರು. ನಷ್ಟ ಇಲ್ಲ.
ಷರಾ: ಕಾವಲುಗಾರ ಗೈರುಹಾಜರು.
ಇಪ್ಪತ್ತು: ಗೈರುಹಾಜರು.
ಇಪ್ಪತ್ತೊಂದು: ಗೈರುಹಾಜರು, ಕೂಲಿ ಕಡಿತ.
ಇಪ್ಪತ್ತೆರಡಕ್ಕೆ, ಬೇರೆ ಪೆನ್ನಿನಲ್ಲಿ:
‘ಸಿಕ್ಕಿದ. ಗೋಣಿಚೀಲ ಒಂದಕ್ಕೆ ರೂಪಾಯಿ ಎರಡೂವರೆ.’

ಒಲೆಯ ಮೇಲೆ ಮೈದಾ ಅಂಟು ಕುದಿದು ತಳ ಹಿಡಿಯಿತು.
ಮೈಲುತುತ್ತ ಹಾಕಲು ಮರೆತೆ.

ಏಪ್ರಿಲಿನಲ್ಲಿ ಹೆಬ್ಬೆಟ್ಟು ಮತ್ತೆ ಬಂದಿದೆ, ಸಣ್ಣದು.
‘ಕತ್ರೀನ್ ಬಸ್ತ್ಯಾಂವ ಸಿದ್ದಿ, ಬದಲಿ.’
ಮೂರು ವರ್ಷ ಹೆಬ್ಬೆಟ್ಟು. ನಾಲ್ಕನೆಯ ವರ್ಷ ಒಂದು ‘ಕ’,
ಗೆರೆ ದಾಟಿ ಪಕ್ಕದ ಕಾಲಮಿಗೆ ಕಾಲು ಚಾಚಿದ್ದು.
ಆಮೇಲೆ ‘ಕತ’.
ಒತ್ತಕ್ಷರ ಕೂಡಿಕೊಳ್ಳಲು ಇನ್ನೆರಡು ಬೆಂಕಿ ಬೇಕಾಯಿತು.
ಯಾರು ಕಲಿಸಿದರೋ. ಈ ಪುಸ್ತಕವೇ ಇರಬೇಕು,
ಅವಳ ಕೈಗೆ ಸಿಕ್ಕಿದ್ದು ಇದೊಂದೇ ಇದ್ದೀತು.

ತೊಂಬತ್ತೇಳರಲ್ಲಿ ಗಾರ್ಡು ರಜೆ ಹಾಕಿರಬೇಕು,
ಒಂದು ಸಾಲು ಪೂರ್ತಿ ಅವಳದು:
‘ಮತ್ತಿ ಹದಿನಾಲ್ಕು, ಹೊನ್ನೆ ಮೂರು. ಕೌಲು ಬದುಕಿದೆ.
ತುಡುವಿ ಜೇನು ಮೂರು ಗೂಡು. ಹಾವು ಲೆಕ್ಕ ಮಾಡಲಿಲ್ಲ.
ಒರತೆಗೆ ಬೂದಿ ಬಿದ್ದು ಕೆಳಗಿನ ಐದು ಮನೆಗೆ ನೀರಿಲ್ಲ.’
ಕಾರಣ: ‘ಗೊತ್ತಿದೆ. ಕಾಲಂ ಸಣ್ಣದು.’
ಅದರ ಮೇಲೆ ಕೆಂಪು ಗೀಟು.
ಗೀಟಿನ ಮೇಲೆ ಯಾರೋ ಬರೆದಿದ್ದಾರೆ: ಬೀಡಿ.

ಹೊಲಿದೆ, ಅಂಟಿಸಿದೆ, ಒತ್ತಿಗೆ ಇಟ್ಟೆ.
ಕತ್ತರಿ ಯಂತ್ರದ ಚಕ್ರದ ಮೇಲೆ ಕೈಯಿಟ್ಟು ನಿಂತೆ.
ನೀಟಾಗಿ ಕತ್ತರಿಸಿದರೆ ಹೆಬ್ಬೆಟ್ಟು ಅರ್ಧ ಹೋಗುತ್ತದೆ,
ಅಷ್ಟು ಅಂಚಿಗೆ ಒತ್ತಿದ್ದಾನೆ ಆತ,
ಕಾಗದ ತನ್ನದಲ್ಲವೆಂಬಂತೆ.
ಹಾಗೇ ಬಿಟ್ಟೆ.

ಜೀಪಿನವನು ತಿರುಗಿಸಿ ತಿರುಗಿಸಿ ನೋಡಿದ.
‘ಮೂರು ಪುಸ್ತಕ ಓರೆ ಇದೆಯಲ್ಲೋ, ಕಪಾಟಿನಲ್ಲಿ ಕೂರುತ್ತದಾ?’
ಕೂರುವುದಿಲ್ಲ ಅಂದೆ.
ಬಿಲ್ಲಿನಲ್ಲಿ ಅರವತ್ತು ರೂಪಾಯಿ ಮುರಿದುಕೊಂಡು
ನನ್ನ ಹೆಸರಿನ ಮುಂದೆ ಬರೆದುಕೊಂಡ,
ಷರಾ: ಅಂಚು ಸರಿಯಿಲ್ಲ.