ಎರಡೇಳ್ಲೆ ಹದಿನಾಕು

ಚೋರ್ ಬಜಾರಿನಲ್ಲಿ ಯಾರದು ಅಂತ ಕೇಳಬಾರದು.
ಎಷ್ಟಕ್ಕೆ, ಅಷ್ಟೇ.
ದಾರೂಖಾನೆಯಲ್ಲಿ ಒಡೆದ ಯಾವುದೋ ರಷ್ಯನ್ ಹಡಗಿನಿಂದ
ಗೋಣಿಚೀಲದಲ್ಲಿ ಬಂದಿತ್ತು ಆ ಟೇಪ್ ರೆಕಾರ್ಡರ್,
ಹಿತ್ತಾಳೆ ಬೋಲ್ಟುಗಳ ಜೊತೆ, ತೂಕಕ್ಕೆ ಕೊಂಡದ್ದು.
ಮುರ್ತಜಾ ಭಾಯ್ ನನ್ನ ಮುಂದಿಟ್ಟ:
"ಇದರ ಗಂಟಲು ಬಿಡಿಸು."

ಗುಂಡಿಗಳ ಮೇಲೆ ಕನ್ನಡಿಯಲ್ಲಿ ಕಂಡಂಥ ಅಕ್ಷರ.
ಬೆಲ್ಟು ಕರಗಿ ಬೆಲ್ಲದ ಪಾಕ. ಬೇರೆ ಹಾಕಿದೆ.
ಸುರುಳಿ ತಿರುಗಿತು. ಶರ್ರ್, ಬರೇ ಶರ್ರ್,
ಅದರಡಿ, ಎಲ್ಲೋ ದೂರ, ಒಂದು ಕೆಮ್ಮು,
ಗಾಜಿನ ಲೋಟದಲ್ಲಿ ಚಮಚ.
ಹೆಡ್ಡು ಕೊಳೆಯಾಗಿದೆ ಅಂದುಕೊಂಡು
ಸ್ಪಿರಿಟ್ ಹಚ್ಚಿ ಮೂರು ಸಲ ಒರೆಸಿದೆ.
ಶರ್ರ್ ಹೋಗಲಿಲ್ಲ.
ಖಾಲಿ ಟೇಪು ಅಂತ ಕೆಂಪು ಗುಂಡಿ ಒತ್ತಿ
ಬಾಯಿಗೆ ಬಂದದ್ದು ಹೇಳಿದೆ,
ಬಾದಾಮಿಯ ಶಾಲೆಯಲ್ಲಿ ಹುದ್ದಾರ ಮಾಸ್ತರು
ಬೆರಳ ಗಂಟಿಗೆ ರೂಲುದೊಣ್ಣೆ ಬಡಿದು ಕಲಿಸಿದ್ದು:
ಎರಡೊಂದ್ಲೆ ಎರಡು, ಎರಡೆರಡ್ಲೆ ನಾಕು...
ಎರಡೇಳ್ಲೆ ಹದಿನಾಕು ಅನ್ನುವಾಗ ಚಹಾ ಬಂತು.

ಲಾಟ್ವಿಯಾದವಳು, ಇಲ್ಜೆ ಅಂತ ಹೆಸರು,
ಸಣ್ಣ ಊರಿನ ಮ್ಯೂಸಿಯಮ್ಮಿಗೆ ಸಾಮಾನು ಹುಡುಕುತ್ತ ಬಂದಳು.
ಗುಪ್ತ ಪೊಲೀಸರ ಹಳೆ ಕಟ್ಟಡವಂತೆ; ಅವರ ಕಿವಿಗಳನ್ನೆಲ್ಲ
ಗಾಜಿನ ಪೆಟ್ಟಿಗೆಯಲ್ಲಿ ಸಾಲಾಗಿ ಇಟ್ಟಿದ್ದಾರಂತೆ.
ಅವಳು ಕೇಳಿದ್ದು ಒಂದೇ: ಯಾರದಿದು?
ಮುರ್ತಜಾ ಭಾಯ್ ಫ್ಯಾನು ನೋಡಿದ.
ದುಡ್ಡು ಎಣಿಸುತ್ತ ಅಂದಳು:
"ನಮ್ಮಮ್ಮ ಏನಾದರೂ ಹೇಳುವುದಿದ್ದರೆ
ಮೊದಲು ನಲ್ಲಿ ಬಿಡುತ್ತಿದ್ದಳು."
ನಾನು ಸ್ಕ್ರೂಡ್ರೈವರ್ ಕೆಳಗಿಟ್ಟೆ.
ಮತ್ತೆ ಎತ್ತಿಕೊಂಡೆ. ಏನೂ ಹೇಳಲಿಲ್ಲ.

ಮಳೆಗಾಲ ಕಳೆದು ಮೊಬೈಲಿಗೆ ಫೋಟೊ ಬಂತು.
ಪೆಟ್ಟಿಗೆಯ ಕೆಳಗಿನ ಚೀಟಿ ಮುರ್ತಜಾನ ಮಗಳು ಓದಿದಳು:
ಗಂಡಸಿನ ದನಿ. ಭಾಷೆ ತಿಳಿದಿಲ್ಲ.
ಬಹುಶಃ ಸಂಕೇತ. ಏಳನೆಯ ಸಾಲಿಗೆ ನಿಲ್ಲುತ್ತದೆ.

ಅವರೆಲ್ಲ ನಕ್ಕರು. ನಾನೂ.
ಎಂಟನೆಯದೇನು ಅಂತ ಆ ಹಿಮದ ಊರಲ್ಲಿ
ಯಾರೋ ತಲೆ ಕೆರೆಯುತ್ತಿರಬೇಕು.
ಲೋಕಲ್ಲಿನಲ್ಲಿ ಜೋತು ನಿಂತಾಗ ಬಾಯಿಗೆ ಬರುತ್ತದೆ, ಎರಡೆಂಟ್ಲೆ...
ಪಕ್ಕದವನ ಕಿವಿ ಕಂಡು ನುಂಗುತ್ತೇನೆ.
ಅಳಿಸಿದವನು ನಾನು.
ಏನನ್ನು ಅಂತ ಗೊತ್ತಿಲ್ಲ.

ನಮ್ಮ ಚಾಳಿನಲ್ಲಿ ನೀರು ನಸುಕಿನ ನಾಲ್ಕೂವರೆಗೆ,
ನಲವತ್ತು ನಿಮಿಷ.
ಒಂದು ಗುಟ್ಟಿಗೆ ಅಷ್ಟು ನೀರು ಇಲ್ಲಿ ಯಾರು ಸುರಿದಾರು?
ಇವತ್ತು ಕೊಡ ತುಂಬುತ್ತಿದ್ದಾಗ
ಗುರವ್ವ ಏನೋ ಅಂದಳು. ಸದ್ದಿಗೆ ಕೇಳಲಿಲ್ಲ.
ತಡಿ, ನೀರು ನಿಲ್ಲಲಿ, ಅಂದೆ.
ನಿಂತಿತು.
ಏನಿಲ್ಲ ಬಿಡ್ರಿ, ಅಂದಳು.